ಗಾಯ ಕಡತಕ್ಕೂ ಕಾಣಬೇಕು

ರಸ್ತೆ ಅಪಘಾತದ ಪರಿಹಾರದ ಬಗ್ಗೆ ಬಂದ ಪತ್ರಗಳಲ್ಲಿ ಗಾಯವನ್ನು ಸಾಬೀತು ಮಾಡುವ ಬಗೆಯನ್ನು ಕೇಳಿದವನ್ನು ಈ ಸಲ ಆರಿಸಿಕೊಂಡಿದ್ದೇವೆ. ಹೆಸರು, ಊರಿನ ವಿವರಗಳನ್ನು ಬಿಟ್ಟಿದ್ದೇವೆ.

ಪ್ರಶ್ನೆ: ನನ್ನ ತಮ್ಮ ಬೈಕಿನಲ್ಲಿ ಬರುತ್ತಿದ್ದಾಗ ಹಿಂದಿನಿಂದ ಕಾರು ಗುದ್ದಿ ಮೊಣಕಾಲ ಕೆಳಗೆ ಮೂಳೆ ಮುರಿಯಿತು. ಆಸ್ಪತ್ರೆಗೆ ಸೇರಿಸಿದವರು ದಾರಿಹೋಕರು. ಆಸ್ಪತ್ರೆಯ ದಾಖಲೆಯಲ್ಲಿ ‘ಬೈಕ್ ಸ್ಕಿಡ್ ಆಗಿ ಬಿದ್ದದ್ದು’ ಎಂದು ಬರೆದುಬಿಟ್ಟಿದ್ದಾರೆ. ನಾವು ಠಾಣೆಯಲ್ಲಿ ದೂರು ಕೊಟ್ಟದ್ದು ಆರು ದಿನ ತಡವಾಗಿ. ಕಾರನ್ನು ಆಮೇಲೆ ತಂದು ಸೇರಿಸಿದ್ದೀರಿ ಎಂದು ವಿಮಾ ಕಂಪನಿಯವರು ವಾದಿಸುತ್ತಿದ್ದಾರೆ. ಕೇಸು ನಿಲ್ಲುತ್ತದೆಯೇ?

ಉತ್ತರ: ನಿಲ್ಲಿಸಬಹುದು, ಆದರೆ ಕೆಲಸ ಬಹಳ ಇದೆ. ತಡ ಒಂದೇ ಆಗಿದ್ದರೆ ಇಷ್ಟು ಹೆದರಬೇಕಿರಲಿಲ್ಲ. ಮನೆಯವರು ಮೊದಲು ಗಾಯಾಳುವನ್ನು ನೋಡಿಕೊಳ್ಳುತ್ತಾರೆ, ಠಾಣೆಗೆ ಓಡುವುದಿಲ್ಲ. ತಡವಾದ ಮಾತ್ರಕ್ಕೆ ಅರ್ಜಿಯನ್ನು ತಳ್ಳಿಹಾಕಬಾರದು ಎಂದು ಸುಪ್ರೀಂ ಕೋರ್ಟು 2011ರಲ್ಲೇ ಹೇಳಿದೆ. ನಿಮ್ಮಲ್ಲಿ ತಡದ ಜೊತೆಗೆ ‘ಸ್ಕಿಡ್’ ಎಂಬ ಪದವೂ ಕೂಡಿಕೊಂಡಿದೆ. ವಿಮಾ ಕಂಪನಿಯ ವಕೀಲರು ಹಿಡಿದುಕೊಳ್ಳುವುದು ಈ ಜೋಡಿಯನ್ನೇ.

ಆಸ್ಪತ್ರೆಯವರಿಗೆ ಆ ಮಾತನ್ನು ಹೇಳಿದವರು ಯಾರು ಎಂಬುದನ್ನು ಮೊದಲು ಪತ್ತೆ ಮಾಡಿ. ಪೊಲೀಸರಿಗೆ ತಿಳಿಸಬೇಕಾದ ಗಾಯಗಳನ್ನು ಆಸ್ಪತ್ರೆಯವರು ಬರೆದಿಡುವ ಎಂಎಲ್‌ಸಿ (ಮೆಡಿಕೋ ಲೀಗಲ್ ಕೇಸ್) ರಿಜಿಸ್ಟರಿನಲ್ಲಿ ಗಾಯಾಳು ಬಂದ ಹೊತ್ತು, ಕರೆತಂದವರ ಹೆಸರು, ಗಾಯ ಹೇಗಾಯಿತೆಂದು ಹೇಳಿದವರು, ಪೊಲೀಸರಿಗೆ ಮಾಹಿತಿ ಕಳಿಸಿದ ವಿವರ ಇವೆಲ್ಲ ಇರಬೇಕು. ತಾಲ್ಲೂಕು ಆಸ್ಪತ್ರೆಯಿಂದ ಜಿಲ್ಲಾಸ್ಪತ್ರೆಗೆ, ಅಲ್ಲಿಂದ ಖಾಸಗಿಗೆ ಹೋಗಿದ್ದರೆ ಮೂರೂ ಕಡೆಯ ದಾಖಲೆ ಬೇಕು. ಅವುಗಳಲ್ಲಿ ಮೊದಲನೆಯದಕ್ಕೇ ಹೆಚ್ಚು ತೂಕ. ಎಷ್ಟೋ ಸಲ ಮೊದಲ ಆಸ್ಪತ್ರೆಯಲ್ಲಿ ‘ಆರ್‌ಟಿಎ’ (ರಸ್ತೆ ಅಪಘಾತ) ಎಂದಷ್ಟೇ ಇರುತ್ತದೆ, ‘ಸ್ಕಿಡ್’ ಸೇರಿಕೊಂಡದ್ದು ಎರಡನೆಯ ಕಡೆ. ದೃಢೀಕೃತ ಪ್ರತಿ ಕೊಡದಿದ್ದರೆ ದಾಖಲೆಯನ್ನು ತರಿಸಲು ಅಪಘಾತ ಪರಿಹಾರದ ಅರ್ಜಿ ನಡೆಸುವ ನ್ಯಾಯಮಂಡಳಿಗೇ ಅರ್ಜಿ ಹಾಕಿ. ಅಂದು ಕರ್ತವ್ಯದಲ್ಲಿದ್ದ ವೈದ್ಯರನ್ನು ಸಾಕ್ಷಿಯಾಗಿ ಕರೆಸಿ, ‘ಗಾಯಾಳುವೇ ಹೇಳಿದರೇ, ಕರೆತಂದವರು ಹೇಳಿದರೇ’ ಎಂದು ಕೇಳಿಸಬಹುದು. ದಾರಿಹೋಕರು ಹೇಳಿದ್ದೆಂದಾದರೆ, ಅವರು ಗುದ್ದಿದ್ದನ್ನು ನೋಡಿದವರಲ್ಲ ಎನ್ನುವ ವಾದಕ್ಕೆ ಅರ್ಥ ಬರುತ್ತದೆ.

ಆಸ್ಪತ್ರೆಗೆ ಹೋಗಿ ದಾಖಲೆಯನ್ನು ‘ಸರಿ’ ಮಾಡಿಸಲು ಮಾತ್ರ ಹೋಗಬೇಡಿ. ಗೀಟು ಹಾಕಿ ಮೇಲೆ ಬರೆದ ಎಂಎಲ್‌ಸಿ ನಮೂದು ಸ್ಕಿಡ್ ಪದಕ್ಕಿಂತ ಹೆಚ್ಚು ಹಾನಿ ಮಾಡುತ್ತದೆ.

ಇನ್ನು ವಾಹನಗಳು. ಮೋಟಾರು ವಾಹನ ನಿರೀಕ್ಷಕರ ವರದಿಯನ್ನು ಜನ ಓದುವುದೇ ಇಲ್ಲ, ನಿಮ್ಮ ಕೇಸಿನ ಜೀವ ಅಲ್ಲಿರಬಹುದು. ಸ್ಕಿಡ್ ಆದ ಬೈಕಿಗೆ ಪಕ್ಕದಲ್ಲಿ ಉಜ್ಜಿದ ಗುರುತು ಬೀಳುತ್ತದೆ: ಹ್ಯಾಂಡಲ್ ತುದಿ, ಫುಟ್‌ರೆಸ್ಟ್, ಕ್ರ್ಯಾಶ್ ಗಾರ್ಡ್. ಹಿಂದಿನಿಂದ ಗುದ್ದಿಸಿಕೊಂಡ ಬೈಕಿನಲ್ಲಿ ಹಿಂದಿನ ದೀಪ, ನಂಬರ್ ಪ್ಲೇಟು, ಮಡ್‌ಗಾರ್ಡ್ ಮುರಿದಿರುತ್ತವೆ ಅಥವಾ ಒಳಕ್ಕೆ ಬಾಗಿರುತ್ತವೆ. ಕಾರಿನ ಮುಂದಿನ ಬಂಪರಿನಲ್ಲಿ ಅದೇ ಎತ್ತರದಲ್ಲಿ ಪೆಟ್ಟಿದ್ದರೆ ಎರಡು ವರದಿಗಳು ಒಂದನ್ನೊಂದು ಹಿಡಿದು ನಿಲ್ಲಿಸುತ್ತವೆ. ಪರೀಕ್ಷೆಗೆ ಮೊದಲೇ ಬೈಕನ್ನು ರಿಪೇರಿ ಮಾಡಿಸಿದ್ದರೆ ಗ್ಯಾರೇಜಿನ ಬಿಲ್ಲು, ಬದಲಿಸಿದ ಭಾಗಗಳ ಪಟ್ಟಿ, ಮೊಬೈಲಿನಲ್ಲಿ ಉಳಿದ ಫೋಟೊ ಇವನ್ನಾದರೂ ಒಟ್ಟುಮಾಡಿ.

ಸ್ಥಳ ಮಹಜರು ಮತ್ತು ನಕ್ಷೆಯಲ್ಲಿ ಗುದ್ದಿದ ಜಾಗ ರಸ್ತೆಯ ಯಾವ ಬದಿಗಿದೆ ಎಂದು ನೋಡಿ. ದೂರಿನ ಬರಹಕ್ಕೆ ಅದು ಹೊಂದಬೇಕು. ಸಿಸಿಟಿವಿ ಇದ್ದರೆ ಹಳೆಯ ದೃಶ್ಯದ ಮೇಲೆ ಹೊಸದು ದಾಖಲಾಗುವ ಮೊದಲು ಅಂಗಡಿಯವರಿಗೂ ಠಾಣೆಗೂ ಬರಹದಲ್ಲಿ ಕೇಳಬೇಕು. ದೃಶ್ಯವನ್ನು ಹಾಜರುಪಡಿಸುವಾಗ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಇಲ್ಲದಿದ್ದರೆ ತಕರಾರು ಬರುತ್ತದೆ.

ತಡಕ್ಕೆ ಕಾರಣವನ್ನು ತಾರೀಖಿನ ಸಮೇತ ಹೇಳಿ: ಎಂದು ದಾಖಲು, ಎಂದು ಆಪರೇಷನ್, ಎಂದು ವಾರ್ಡಿಗೆ. ‘ಚಿಕಿತ್ಸೆಯಲ್ಲಿ ಇದ್ದುದರಿಂದ ತಡವಾಯಿತು’ ಎಂಬ ಸಿದ್ಧ ವಾಕ್ಯ ಪಾಟಿ ಸವಾಲಿನಲ್ಲಿ ನಿಲ್ಲುವುದಿಲ್ಲ. ಚಾಲಕನ ಮೇಲೆ ಚಾರ್ಜ್‌ಶೀಟ್ ಆಗಿದ್ದರೆ, ಆತ ತಪ್ಪೊಪ್ಪಿ ದಂಡ ಕಟ್ಟಿದ್ದರೆ ಆ ಕ್ರಿಮಿನಲ್ ಕೇಸಿನ ಪ್ರತಿಗಳನ್ನೂ ಹಾಕಿ. ಇಲ್ಲಿ ಸಂಶಯಾತೀತ ಪುರಾವೆ ಬೇಕಿಲ್ಲ, ಹೀಗಾಗಿರುವ ಸಂಭವವೇ ಹೆಚ್ಚು ಎಂದು ತೋರಿಸಿದರೆ ಸಾಕು. ಕಾರು ಬಂದೇ ಇರಲಿಲ್ಲ ಎನ್ನುವ ಕಂಪನಿ ಆ ಚಾಲಕನನ್ನೋ ತನಿಖಾಧಿಕಾರಿಯನ್ನೋ ಸಾಕ್ಷಿಗೆ ಕರೆಸಿದೆಯೇ ಎಂದು ನಿಮ್ಮ ವಕೀಲರು ಕೇಳಲಿ. ಸಾಮಾನ್ಯವಾಗಿ ಕರೆಸಿರುವುದಿಲ್ಲ.

ಪ್ರಶ್ನೆ: ನಾನು ಅಡಿಕೆ ಕೊನೆಗಾರ, ವಯಸ್ಸು 38. ಅಪಘಾತದಲ್ಲಿ ಮೊಣಕಾಲಿನ ಹತ್ತಿರ ಮೂಳೆ ಮುರಿದು ಪ್ಲೇಟು ಹಾಕಿದ್ದಾರೆ. ಕಾಲು ಪೂರ್ತಿ ಮಡಚಲು ಬರುವುದಿಲ್ಲ, ಮರ ಹತ್ತುವುದು ನಿಂತೇಹೋಗಿದೆ. ವೈದ್ಯರು ಕಾಲಿಗೆ ಶೇ 30 ಊನ ಎಂದು ಬರೆದಿದ್ದಾರೆ. ನ್ಯಾಯಮಂಡಳಿಯಲ್ಲಿ ಶೇ 10 ಮಾತ್ರ ಹಿಡಿಯುತ್ತಾರೆ ಎನ್ನುತ್ತಾರಲ್ಲ, ಏಕೆ?

ಉತ್ತರ: ವೈದ್ಯರು ಹೇಳಿದ್ದು ಒಂದು ಅಂಗದ ಲೆಕ್ಕ. ಇಡೀ ದೇಹಕ್ಕೆ ಅದರ ಮೂರನೇ ಒಂದು ಭಾಗ ಎಂದು ಹಿಡಿಯುವ ರೂಢಿ ನಮ್ಮ ನ್ಯಾಯಮಂಡಳಿಗಳಲ್ಲಿದೆ. ಹಾಗಾಗಿ 30 ಎಂಬುದು 10 ಆಗುತ್ತದೆ. ಅದು ಇನ್ನೂ ದೇಹದ ಲೆಕ್ಕವೇ. ಪರಿಹಾರಕ್ಕೆ ಬೇಕಾದದ್ದು ಗಳಿಕೆಯ ಲೆಕ್ಕ: ಈ ಊನದಿಂದ ಈ ಮನುಷ್ಯನ ದುಡಿಮೆ ಎಷ್ಟು ಕುಸಿಯಿತು. ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇವೆರಡನ್ನು ಬೇರ್ಪಡಿಸಿ ನೋಡಬೇಕೆಂದು ಸ್ಪಷ್ಟಪಡಿಸಿದೆ. ಗಾಯಾಳು ಈಗ ಏನು ಮಾಡಬಲ್ಲ, ಏನು ಮಾಡಲಾರ. ಮೊದಲು ಮಾಡುತ್ತಿದ್ದ ಕೆಲಸ ಯಾವುದು. ಅದನ್ನೇ ಮುಂದುವರಿಸಬಲ್ಲನೇ, ಇಲ್ಲವಾದರೆ ಬೇರೆ ಯಾವ ಕೆಲಸದಿಂದ ಎಷ್ಟು ದುಡಿಯಬಲ್ಲ. ನೋಡಬೇಕಾದದ್ದು ಈ ಕ್ರಮದಲ್ಲಿ. ಕೂತು ಲೆಕ್ಕ ಬರೆಯುವವರಿಗೆ ಮೊಣಕಾಲು 90 ಡಿಗ್ರಿಗಿಂತ ಹೆಚ್ಚು ಮಡಚದಿದ್ದರೂ ಸಂಬಳ ನಿಲ್ಲುವುದಿಲ್ಲ. ಕೊನೆಗಾರನಿಗೆ ಹಾಗಲ್ಲ.

ಲೆಕ್ಕದಲ್ಲಿ ವ್ಯತ್ಯಾಸ ನೋಡಿ. ತಿಂಗಳ ಗಳಿಕೆ 15,000 ರೂಪಾಯಿ ಎಂದಿಟ್ಟುಕೊಳ್ಳೋಣ. ವರ್ಷಕ್ಕೆ 1,80,000. ಇದನ್ನು ವಯಸ್ಸಿಗೆ ತಕ್ಕ ಒಂದು ಸಂಖ್ಯೆಯಿಂದ, ಅಂದರೆ ಗುಣಕದಿಂದ, ಗುಣಿಸುತ್ತಾರೆ; 36ರಿಂದ 40ರ ವಯಸ್ಸಿಗೆ ಅದು 15. ಅಲ್ಲಿಗೆ 27 ಲಕ್ಷ. ದೇಹದ ಲೆಕ್ಕದ ಶೇ 10 ಹಿಡಿದರೆ 2,70,000, ಮರ ಹತ್ತಲಾಗದ್ದರಿಂದ ಗಳಿಕೆ ಶೇ 40 ಕುಸಿಯಿತೆಂದು ಹಿಡಿದರೆ 10,80,000. ನಲವತ್ತರೊಳಗಿನ ಸ್ವಂತ ದುಡಿಮೆಯವರಿಗೆ ಮುಂದಿನ ಗಳಿಕೆಯ ಏರಿಕೆಯೆಂದು ಶೇ 40 ಸೇರಿಸಿದರೆ ಇವೇ ಮೊತ್ತಗಳು 3,78,000 ಮತ್ತು 15,12,000 ಆಗುತ್ತವೆ. ಸಣ್ಣ ಊನಕ್ಕೆ ಈ ಏರಿಕೆಯನ್ನು ಸೇರಿಸದೆ ಬಿಡುವುದೂ ಉಂಟು, ಆದ್ದರಿಂದ ಅರ್ಜಿಯಲ್ಲಿ ಪ್ರತ್ಯೇಕವಾಗಿ ಕೇಳಿ. ಗಾಯ ಬದಲಾಗಿಲ್ಲ, ವೈದ್ಯರ ಅಂಕಿ ಬದಲಾಗಿಲ್ಲ. ಬದಲಾದದ್ದು ನಿಮ್ಮ ಕೆಲಸದ ಬಗ್ಗೆ ಕಡತದಲ್ಲಿ ಏನಿದೆ ಎಂಬುದಷ್ಟೆ.

ಆ ಕಡತವನ್ನು ಹೀಗೆ ಕಟ್ಟಿ. ‘ಕೂಲಿ’ ಎಂದು ಅರ್ಜಿಯಲ್ಲಿ ಬರೆದುಬಿಟ್ಟರೆ ನಿಮ್ಮ ಕಸುಬು ಅಲ್ಲೇ ಕಳೆದುಹೋಗುತ್ತದೆ. ಕೊನೆಗಾರ ಎಂದೇ ಬರೆಸಿ. ಕೊನೆ ತೆಗೆಸಿದ ತೋಟದ ಮಾಲೀಕರೊಬ್ಬರನ್ನು ಅಥವಾ ಫಸಲು ಗುತ್ತಿಗೆ ಹಿಡಿದ ಚೇಣಿದಾರರನ್ನು ಅವರ ಮಜೂರಿ ಪುಸ್ತಕದ ಸಮೇತ ಸಾಕ್ಷಿಗೆ ಕರೆತನ್ನಿ. ಇ–ಶ್ರಮ ಕಾರ್ಡಿನಲ್ಲಿ ವೃತ್ತಿ ನಮೂದಾಗಿದ್ದರೆ ಅದೂ ಆಗುತ್ತದೆ, ಅಪಘಾತಕ್ಕಿಂತ ಮೊದಲಿನದಾಗಿದ್ದರೆ ಮಾತ್ರ.

ವೈದ್ಯರ ಸಾಕ್ಷ್ಯದಲ್ಲಿ ಅಂಕಿಗಿಂತ ಅಳತೆ ಮುಖ್ಯ. ಮೊಣಕಾಲು ಎಷ್ಟು ಡಿಗ್ರಿ ಮಡಚುತ್ತದೆ, ತೊಡೆಯ ಸುತ್ತಳತೆ ಇನ್ನೊಂದು ಕಾಲಿಗಿಂತ ಎಷ್ಟು ಸೆಂಟಿಮೀಟರ್ ಕಡಿಮೆ, ಕಾಲು ಗಿಡ್ಡವಾಗಿದೆಯೇ, ಹೊಸ ಎಕ್ಸ್‌ರೇಯಲ್ಲಿ ಮೂಳೆ ಕೂಡಿದೆಯೇ ಅಥವಾ ಸೊಟ್ಟಗೆ ಕೂಡಿದೆಯೇ, ಇವನ್ನು ಬರೆಯಿಸಿ. ಮೂಳೆ ಕೂಡುವ ಮುಂಚೆಯೇ ಮಾಡಿಸಿದ ಅಂದಾಜನ್ನು ‘ಇನ್ನೂ ಸುಧಾರಿಸಬಹುದಲ್ಲ’ ಎಂಬ ಒಂದೇ ಪ್ರಶ್ನೆ ಉರುಳಿಸುತ್ತದೆ. ಫಿಸಿಯೋಥೆರಪಿ ಮುಗಿದು, ಇನ್ನು ಬದಲಾವಣೆ ಇಲ್ಲ ಎನ್ನುವ ಹಂತಕ್ಕೆ ಕಾಯಿರಿ. ಅರ್ಜಿಯನ್ನು ಮಾತ್ರ ಅಲ್ಲಿಯವರೆಗೆ ಕಾಯಿಸಬೇಡಿ. ‘ಕುಕ್ಕರಗಾಲಲ್ಲಿ ಕೂತು ಏಳಬಲ್ಲರೇ, ಏಣಿ ಹತ್ತಬಲ್ಲರೇ, ಮರಕ್ಕೆ ಪಾದ ಕೊಟ್ಟು ಮೈಭಾರ ಎತ್ತಬಲ್ಲರೇ’ ಎಂಬ ಮೂರು ಪ್ರಶ್ನೆಗಳಿಗೆ ವೈದ್ಯರ ಉತ್ತರ ದಾಖಲಾಗಲಿ. ಆಪರೇಷನ್ ಮಾಡಿದ ವೈದ್ಯರೇ ಬಂದರೆ ಒಳ್ಳೆಯದು. ಕೋರ್ಟಿನ ಸುತ್ತ ಸಿದ್ಧ ಪ್ರಮಾಣಪತ್ರ ಕೊಡುವ ವೈದ್ಯರ ಬಗ್ಗೆ ಮೇಲೆ ಹೇಳಿದ ರಾಜ್‌ಕುಮಾರ್ ತೀರ್ಪೇ ಎಚ್ಚರಿಸಿದೆ, ನ್ಯಾಯಾಧೀಶರಿಗೂ ಆ ಹೆಸರುಗಳು ಪರಿಚಿತ. ಬೇರೆ ವೈದ್ಯರೇ ಬರಬೇಕಾದರೆ ಕೇಸ್ ಶೀಟ್ ಪೂರ್ತಿ ಓದಿಕೊಂಡು ಬರಲಿ. ಬರೀ ಪ್ರಮಾಣಪತ್ರ ಹಾಜರುಪಡಿಸಿ ವೈದ್ಯರನ್ನು ಕರೆಸದಿದ್ದರೆ ಅದಕ್ಕೆ ಹೆಚ್ಚು ಬೆಲೆಯಿಲ್ಲ. ಪ್ಲೇಟು ತೆಗೆಯುವ ಆಪರೇಷನ್ ಬಾಕಿಯಿದ್ದರೆ ಅದರ ಅಂದಾಜು ವೆಚ್ಚವನ್ನೂ ಅವರ ಬಾಯಿಂದಲೇ ಹೇಳಿಸಿ.

ಪ್ರಶ್ನೆ: ಅಪಘಾತದ ಹೊತ್ತಿಗೆ ಹೆಲ್ಮೆಟ್ ಇರಲಿಲ್ಲ, ಬೈಕಿನಲ್ಲಿ ಮೂವರಿದ್ದೆವು, ನನ್ನ ಬಳಿ ಲೈಸೆನ್ಸೂ ಇಲ್ಲ. ಪರಿಹಾರ ಪೂರ್ತಿ ಹೋಯಿತೇ?

ಉತ್ತರ: ಇಲ್ಲ. ಅವು ಮೂರೂ ಅಪರಾಧಗಳೇ, ದಂಡ ಬೇರೆ ವಿಷಯ. ಪರಿಹಾರದಲ್ಲಿ ಕೇಳುವ ಪ್ರಶ್ನೆ ಬೇರೆ: ಆ ತಪ್ಪಿನಿಂದ ಅಪಘಾತ ಆಯಿತೇ, ಅಥವಾ ಗಾಯ ಹೆಚ್ಚಾಯಿತೇ? ಮೂವರು ಕೂತ ಮಾತ್ರಕ್ಕೆ ಸಹ–ನಿರ್ಲಕ್ಷ್ಯ (ಗಾಯಾಳುವಿನದೂ ತಪ್ಪಿನ ಪಾಲಿದೆ) ಎನ್ನಲಾಗದು ಎಂದು 2020ರಲ್ಲೂ, ಲೈಸೆನ್ಸ್ ಇಲ್ಲದ ಮಾತ್ರಕ್ಕೆ ಎನ್ನಲಾಗದು ಎಂದು 2008ರಲ್ಲೂ ಸುಪ್ರೀಂ ಕೋರ್ಟು ಹೇಳಿದೆ. ಹೆಲ್ಮೆಟ್ ಇಲ್ಲದೆ ತಲೆಗೆ ಪೆಟ್ಟಾಗಿದ್ದರೆ ಕಡಿತ ಬರಬಹುದು. ಮುರಿದದ್ದು ಕಾಲಾದರೆ ಹೆಲ್ಮೆಟ್ಟಿನ ಮಾತು ಅಲ್ಲಿ ಬರುವಂತಿಲ್ಲ. ಅಪಾಯ ಇರುವುದು ಇನ್ನೊಂದು ಕಡೆ. ಲೈಸೆನ್ಸ್ ಇದ್ದ ಗೆಳೆಯನೇ ಓಡಿಸುತ್ತಿದ್ದ ಎಂದು ದೂರಿನಲ್ಲಿ ಬರೆಸುತ್ತಾರೆ. ಗಾಯಗಳ ಸ್ವರೂಪವೋ ಎಂಎಲ್‌ಸಿ ನಮೂದೋ ಬೇರೆಯೇ ಹೇಳಿದಾಗ ನಿಜವಾಗಿದ್ದ ಕೇಸೂ ಸುಳ್ಳಿನ ಜೊತೆ ಬಿದ್ದುಹೋಗುತ್ತದೆ. ಮದ್ಯದ ವಿಷಯದಲ್ಲೂ ಇಷ್ಟೇ: ‘ವಾಸನೆ ಇತ್ತು’ ಎಂಬ ನಮೂದು ಒಂದೇ ಸಾಲದು, 100 ಮಿಲಿ ರಕ್ತಕ್ಕೆ 30 ಮಿಲಿಗ್ರಾಂ ಮಿತಿ ದಾಟಿದ್ದನ್ನು ಪರೀಕ್ಷೆಯಿಂದ ತೋರಿಸಬೇಕು.

ಪ್ರಶ್ನೆ: ಆಸ್ಪತ್ರೆ ಬಿಲ್ಲುಗಳು ಚೀಲ ತುಂಬ ಇವೆ. ಅರ್ಧ ಮೆಡಿಕ್ಲೇಮಿನಲ್ಲಿ ಬಂದಿದೆ. ಎಲ್ಲವನ್ನೂ ಹಾಕಬಹುದೇ?

ಉತ್ತರ: ಚೀಲವನ್ನು ಹಾಗೇ ಕೊಡಬೇಡಿ. ಒಳರೋಗಿಯ ಅಂತಿಮ ಬಿಲ್ಲು, ಅದಕ್ಕೆ ಕಟ್ಟಿದ ಮುಂಗಡದ ರಸೀದಿಗಳು, ಅದರೊಳಗೇ ಸೇರಿರುವ ಔಷಧದ ಬಿಲ್ಲು ಈ ಮೂರನ್ನೂ ಕೂಡಿಸಿದರೆ ಒಂದೇ ಖರ್ಚು ಮೂರು ಸಲ ಬರುತ್ತದೆ. ಎದುರು ವಕೀಲರು ಮೊದಲು ಹಿಡಿಯುವುದು ಇದನ್ನೇ. ಹಿಡಿದ ಮೇಲೆ ಉಳಿದ ಬಿಲ್ಲುಗಳ ಮೇಲೂ ನೆರಳು ಬೀಳುತ್ತದೆ. ಬಿಡುಗಡೆಯ ನಂತರದ ಔಷಧಗಳಿಗೆ ಬಿಲ್ಲಿನ ಜೊತೆ ಆಯಾ ತಾರೀಖಿನ ವೈದ್ಯರ ಚೀಟಿಯನ್ನು ಲಗತ್ತಿಸಿ, ಎಲ್ಲಕ್ಕೂ ಕ್ರಮಸಂಖ್ಯೆ ಹಾಕಿದ ಪಟ್ಟಿ ಮಾಡಿ. ಥರ್ಮಲ್ ಕಾಗದದ ಬಿಲ್ಲು ಕೆಲವೇ ತಿಂಗಳಲ್ಲಿ ಬೆಳ್ಳಗಾಗುತ್ತದೆ, ಜೆರಾಕ್ಸ್ ತೆಗೆದು ಅಸಲಿನ ಜೊತೆ ಪಿನ್ ಮಾಡಿಡಿ. ಟ್ಯಾಕ್ಸಿ, ಆರೈಕೆಯವರ ಸಂಬಳದ ರಸೀದಿಗಳನ್ನು ಕೊನೆಗೆ ಒಂದೇ ದಿನ ಕೂತು ಬರೆಸಿಕೊಂಡರೆ ಸಿಕ್ಕಿಬೀಳುತ್ತೀರಿ. ನಾಲ್ಕು ತಿಂಗಳ ಅಂತರದ ಎರಡು ರಸೀದಿಗಳಿಗೆ ಒಂದರ ಪಕ್ಕ ಒಂದು ನಂಬರು ಇದ್ದರೆ ನಂಬುವವರು ಯಾರು?

ಮೆಡಿಕ್ಲೇಮಿನ ಬಗ್ಗೆ ಹೈಕೋರ್ಟುಗಳಲ್ಲಿ ಒಮ್ಮತವಿಲ್ಲ. ಅದರಿಂದ ಬಂದ ಹಣವನ್ನು ಪರಿಹಾರದಲ್ಲಿ ಕಡಿತ ಮಾಡುವಂತಿಲ್ಲ ಎಂದು ಬಾಂಬೆ ಹೈಕೋರ್ಟಿನ ಪೂರ್ಣಪೀಠ 2025ರಲ್ಲಿ ಹೇಳಿದೆ. ನಮ್ಮ ಹೈಕೋರ್ಟು ಆ ಮೊತ್ತವನ್ನು ಕಳೆದ ತೀರ್ಪುಗಳಿವೆ. ಆದ್ದರಿಂದ ಬಂದ ಹಣವನ್ನು ಮುಚ್ಚಿಡದೆ, ಕಂಪನಿ ಒಪ್ಪದೆ ಬಿಟ್ಟ ಬಾಬತ್ತು ಮತ್ತು ನೀವೇ ಕಟ್ಟಿದ ಪಾಲನ್ನು ಪ್ರತ್ಯೇಕ ಪಟ್ಟಿ ಮಾಡಿ ತೋರಿಸಿ. ಅಸಲು ಬಿಲ್ಲು ಮೆಡಿಕ್ಲೇಮಿಗೆ ಹೋಗಿದ್ದರೆ ದೃಢೀಕೃತ ಪ್ರತಿ ಮತ್ತು ಇತ್ಯರ್ಥದ ಪತ್ರ ಪಡೆಯಿರಿ. 2025ರ ಮೇ ತಿಂಗಳಲ್ಲಿ ಜಾರಿಯಾದ ನಗದುರಹಿತ ಚಿಕಿತ್ಸಾ ಯೋಜನೆಯಲ್ಲಿ, ಅಪಘಾತದಿಂದ ಏಳು ದಿನಗಳವರೆಗೆ ಗರಿಷ್ಠ 1.5 ಲಕ್ಷ ರೂಪಾಯಿ ಚಿಕಿತ್ಸೆ ಸಿಕ್ಕಿದ್ದರೆ ಅದು ನಿಮ್ಮ ಕೈಯಿಂದ ಹೋದ ಹಣವಲ್ಲ, ಖರ್ಚಿನಲ್ಲಿ ತೋರಿಸಬೇಡಿ.

ಪ್ರಶ್ನೆ: ಗುದ್ದಿದ ವಾಹನ ನಿಲ್ಲಿಸದೆ ಹೋಯಿತು, ನಂಬರ್ ಗೊತ್ತಿಲ್ಲ. ಪೊಲೀಸರು ಪತ್ತೆಯಾಗಲಿಲ್ಲವೆಂದು ‘ಸಿ’ ವರದಿ ಹಾಕಿದ್ದಾರೆ. ಮುಂದೇನು?

ಉತ್ತರ: ಎದುರುದಾರ ಇಲ್ಲದ ಕಾರಣ ಸಾಮಾನ್ಯ ಕ್ಲೇಮು ಆಗದು. ಗುದ್ದೋಡಿದ ಪ್ರಕರಣಗಳ ಯೋಜನೆಯಲ್ಲಿ, 2022ರ ಏಪ್ರಿಲ್ 1ರಿಂದೀಚಿನ ಅಪಘಾತಗಳಿಗೆ ತೀವ್ರ ಗಾಯಕ್ಕೆ 50,000, ಸಾವಿಗೆ 2 ಲಕ್ಷ ರೂಪಾಯಿ ಸಿಗುತ್ತದೆ. ಅರ್ಜಿ ಹೋಗಬೇಕಾದದ್ದು ಕೋರ್ಟಿಗಲ್ಲ, ಅಪಘಾತ ನಡೆದ ಜಾಗದ ಕ್ಲೇಮು ವಿಚಾರಣಾಧಿಕಾರಿಗೆ, ಅಂದರೆ ಉಪವಿಭಾಗಾಧಿಕಾರಿ ಅಥವಾ ತಹಶೀಲ್ದಾರರ ಕಚೇರಿಗೆ. ನಮೂನೆಯ ಜೊತೆ ಎಫ್‌ಐಆರ್, ಗಾಯದ ಪ್ರಮಾಣಪತ್ರ, ಆಸ್ಪತ್ರೆಯ ಬಿಲ್ಲು, ಗುರುತಿನ ಚೀಟಿ, ಬ್ಯಾಂಕ್ ಪಾಸ್‌ಬುಕ್ಕಿನ ಪ್ರತಿಗಳನ್ನು ಇಡಿ. ಗಾಯದ ಪ್ರಮಾಣಪತ್ರದಲ್ಲಿ ‘ತೀವ್ರ’ ಎಂದೇ ಇರಬೇಕು. ಮೂಳೆ ಅಥವಾ ಹಲ್ಲು ಮುರಿದಿದ್ದರೆ, ಕೀಲು ತಪ್ಪಿದ್ದರೆ ಅದು ತೀವ್ರ ಗಾಯವೇ. ಹದಿನೈದು ದಿನ ಮಾಮೂಲಿ ಕೆಲಸ ಮಾಡಲಾಗದಷ್ಟು ಪೆಟ್ಟಾಗಿದ್ದರೂ ಹೊಸ ನ್ಯಾಯ ಸಂಹಿತೆಯಂತೆ ತೀವ್ರವೇ. ಹಲ್ಲು ಮುರಿದದ್ದನ್ನು ತುರ್ತು ವಿಭಾಗದವರು ಬರೆಯದೆ ಬಿಡುವುದು ಸಾಮಾನ್ಯ; ದಂತವೈದ್ಯರಲ್ಲಿ ತೋರಿಸಿ ಬರೆಸಿಕೊಳ್ಳಿ. ಮುಂದೆ ವಾಹನ ಪತ್ತೆಯಾಗಿ ಪರಿಹಾರ ಬಂದರೆ ಈ ಹಣವನ್ನು ಅದರಲ್ಲಿ ಹಿಂದಿರುಗಿಸಬೇಕಾಗುತ್ತದೆ.

ಪ್ರಶ್ನೆ: ನಾಯಿ ಅಡ್ಡ ಬಂದು ನಮ್ಮ ಯಜಮಾನರು ಬೈಕ್ ಬೀಳಿಸಿದರು. ಇಬ್ಬರಿಗೂ ಮೂಳೆ ಮುರಿದಿದೆ. ಬೈಕ್ ಅವರದೇ. ಇಬ್ಬರಿಗೂ ಪರಿಹಾರ ಉಂಟೇ?

ಉತ್ತರ: ನಿಮ್ಮಿಬ್ಬರ ದಾರಿ ಬೇರೆ ಬೇರೆ. ಓಡಿಸುತ್ತಿದ್ದ ಮಾಲೀಕರು ತಮ್ಮ ಮೇಲೆ ತಾವೇ ಕ್ಲೇಮು ಹಾಕುವಂತಿಲ್ಲ. ಅವರಿಗಿರುವುದು 15 ಲಕ್ಷದ ವೈಯಕ್ತಿಕ ಅಪಘಾತ ವಿಮೆ, ಅದೂ ಲೈಸೆನ್ಸ್ ಚಾಲ್ತಿಯಲ್ಲಿದ್ದು ಆ ಕಂತು ಕಟ್ಟಿದ್ದರೆ. ಆ ವಿಮೆ ಸಾವು, ಕೈಕಾಲು ಅಥವಾ ಕಣ್ಣು ಕಳೆದುಕೊಳ್ಳುವುದು, ಶಾಶ್ವತ ಪೂರ್ಣ ಊನ ಇವಕ್ಕೆ ಮಾತ್ರ. ಕೂಡಿಕೊಳ್ಳುವ ಮೂಳೆಮುರಿತಕ್ಕೆ ಏನೂ ಬರುವುದಿಲ್ಲ. ಹಿಂದೆ ಕೂತಿದ್ದ ನಿಮಗೆ ಪಾಲಿಸಿಯ ಬಗೆ ನಿರ್ಣಾಯಕ: ಸ್ವಂತ ವಾಹನದ ಹಾನಿಯೂ ಸೇರುವ ಪ್ಯಾಕೇಜ್ ಪಾಲಿಸಿಯಾದರೆ ಹಿಂಬದಿ ಸವಾರರಿಗೆ ರಕ್ಷಣೆಯಿದೆ, ಬರೀ ಥರ್ಡ್ ಪಾರ್ಟಿ ಪಾಲಿಸಿಯಾದರೆ ಇಲ್ಲ. ರಕ್ಷಣೆ ಇದ್ದರೂ ದೂರು ಯಜಮಾನರ ಮೇಲೆಯೇ ಆಗಬೇಕು, ಚಾಲನೆಯಲ್ಲಿ ಅವರ ನಿರ್ಲಕ್ಷ್ಯ ಇತ್ತೆಂದು ತೋರಿಸಬೇಕು. ಆ ಹೊತ್ತಿನ ವೇಗ ಎಷ್ಟಿತ್ತೋ ಇದ್ದದ್ದನ್ನೇ ಬರೆಸಿ. ನಿರ್ಲಕ್ಷ್ಯ ಸಾಬೀತಾಗುವುದು ಕಷ್ಟವೆನಿಸಿದರೆ ಮೋಟಾರು ವಾಹನ ಕಾಯ್ದೆಯ 164ನೇ ಕಲಮಿನಲ್ಲಿ ತಪ್ಪು ಯಾರದೆಂದು ನೋಡದೆ ತೀವ್ರ ಗಾಯಕ್ಕೆ 2.5 ಲಕ್ಷ ಕೇಳುವ ದಾರಿಯಿದೆ. ನಿರ್ಲಕ್ಷ್ಯ ತೋರಿಸಿ ಕೇಳುವ 166ನೇ ಕಲಮಿನ ಕ್ಲೇಮಿನ ಬದಲಿಗೆ ಅದು, ಎರಡೂ ಸಿಗುವುದಿಲ್ಲ. ಯಾವುದೆಂದು ವಕೀಲರೊಂದಿಗೆ ಕೂತು ನಿರ್ಧರಿಸಿ.

ಪ್ರಶ್ನೆ: ಮನೆಗೆಲಸದ ಜೊತೆ ನಾಲ್ಕು ಹಸು ಸಾಕಿ ಡೇರಿಗೆ ಹಾಲು ಹಾಕುತ್ತಿದ್ದೆ. ಕೈ ಮುರಿದ ಮೇಲೆ ಆಗುತ್ತಿಲ್ಲ. ಆದಾಯಕ್ಕೆ ನನ್ನ ಬಳಿ ಯಾವ ದಾಖಲೆಯೂ ಇಲ್ಲ.

ಉತ್ತರ: ಇದೆ, ನೀವು ಅದನ್ನು ದಾಖಲೆ ಎಂದುಕೊಂಡಿಲ್ಲ. ಹಾಲಿನ ಸಂಘದ ಪಾಸ್‌ಬುಕ್ಕಿನಲ್ಲಿ ದಿನದಿನದ ಲೀಟರು ಇದೆ, ಬ್ಯಾಂಕಿಗೆ ಬಟವಾಡೆ ಬಂದಿದೆ. ಅಪಘಾತಕ್ಕೆ ಮುಂಚಿನ ಒಂದು ವರ್ಷ ಮತ್ತು ನಂತರದ್ದನ್ನು ಪಕ್ಕಪಕ್ಕ ಇಟ್ಟು ಸಂಘದ ಕಾರ್ಯದರ್ಶಿಯವರನ್ನು ಸಾಕ್ಷಿಗೆ ಕರೆಸಿ. ಒಂದು ಎಚ್ಚರ: ಹಸುಗಳು ಇನ್ನೂ ಇದ್ದು ಹಾಲು ಹೋಗುತ್ತಿದ್ದರೆ ಪೂರ್ತಿ ಆದಾಯ ಹೋಯಿತು ಎನ್ನಲಾಗದು. ಆಗ ನಷ್ಟ ಎಂದರೆ ಹಾಲು ಕರೆಯಲು, ಹುಲ್ಲು ತರಲು ಇಟ್ಟುಕೊಂಡ ಆಳಿನ ಸಂಬಳ, ಅಥವಾ ಮಾರಿದ ಹಸುಗಳ ಪಾಲು. ಪಹಣಿ ತೋರಿಸಿ ಜಮೀನಿನ ಇಡೀ ಆದಾಯ ಕೇಳುವವರೂ ಇಲ್ಲೇ ಎಡವುತ್ತಾರೆ. ಖಾತೆ ಯಜಮಾನರ ಹೆಸರಿನಲ್ಲಿದ್ದರೆ ದುಡಿಮೆ ನಿಮ್ಮದೆಂದು ಅವರೇ ಸಾಕ್ಷ್ಯ ಹೇಳಬೇಕು. ಮನೆಗೆಲಸಕ್ಕೂ ಬೆಲೆ ಕಟ್ಟಬೇಕು ಎಂದು 2021ರಲ್ಲಿ ಸುಪ್ರೀಂ ಕೋರ್ಟು ಒತ್ತಿ ಹೇಳಿದೆ. ಅದನ್ನು ಬೇರೆಯಾಗಿ ಕೇಳಿ. ಏನೂ ದಾಖಲೆ ಸಿಗದಿದ್ದಾಗ ರಾಜ್ಯ ಕಾನೂನು ಸೇವಾ ಪ್ರಾಧಿಕಾರದ ವರ್ಷವಾರು ಪಟ್ಟಿಯ ಅಂದಾಜು ಆದಾಯವನ್ನು ಹಿಡಿಯುತ್ತಾರೆ.

ಪ್ರಶ್ನೆ: ಅಪಘಾತವಾಗಿ ಎಂಟು ತಿಂಗಳಾಯಿತು, ಅರ್ಜಿ ಹಾಕಿಲ್ಲ.

ಉತ್ತರ: ಈ ವಾರವೇ ಹಾಕಿ. 2022ರ ಏಪ್ರಿಲ್ 1ರಿಂದ ಆರು ತಿಂಗಳ ಮಿತಿ ಬಂದಿದೆ. ಅದನ್ನು ಪ್ರಶ್ನಿಸಿದ ಅರ್ಜಿಗಳಲ್ಲಿ ಸುಪ್ರೀಂ ಕೋರ್ಟು 2025ರ ನವೆಂಬರಿನಲ್ಲಿ, ತಡವಾಯಿತೆಂಬ ಕಾರಣಕ್ಕೆ ಅರ್ಜಿಗಳನ್ನು ವಜಾ ಮಾಡಬಾರದೆಂದು ಮಧ್ಯಂತರ ಆದೇಶ ಕೊಟ್ಟಿದೆ. ಅದು ಮಧ್ಯಂತರ ಆದೇಶವಷ್ಟೆ, ನೆಚ್ಚಿ ಕೂರಬೇಡಿ. ಪೊಲೀಸರು ವಿವರವಾದ ಅಪಘಾತ ವರದಿಯನ್ನು 90 ದಿನದೊಳಗೆ ನ್ಯಾಯಮಂಡಳಿಗೆ ಕಳಿಸಬೇಕು, ಅಂಥ ವರದಿಯನ್ನೇ ಅರ್ಜಿಯೆಂದು ಪರಿಗಣಿಸಲು ಕಾನೂನಿನಲ್ಲಿ ಜಾಗವಿದೆ. ನಿಮ್ಮ ಠಾಣೆಯಿಂದ ಅದು ಹೋಗಿದೆಯೇ, ಎಂದು ಹೋಗಿದೆ ಎಂದು ವಿಚಾರಿಸಿ ಪ್ರತಿ ಪಡೆಯಿರಿ. ಅಪಘಾತ ನಡೆದ ಊರಿನಲ್ಲೇ ಹಾಕಬೇಕೆಂದಿಲ್ಲ, ನೀವು ವಾಸವಿರುವ ಕಡೆಯೂ ಹಾಕಬಹುದು. ಎಫ್‌ಐಆರ್, ಗಾಯದ ಪ್ರಮಾಣಪತ್ರ, ಡಿಸ್ಚಾರ್ಜ್ ಸಾರಾಂಶ ಇದ್ದರೆ ಶುರುವಿಗೆ ಸಾಕು.

ಪ್ರಶ್ನೆ: ಲೋಕ ಅದಾಲತ್‌ನಲ್ಲಿ ರಾಜಿಗೆ ಕರೆದಿದ್ದಾರೆ. ಒಪ್ಪಬಹುದೇ?

ಉತ್ತರ: ಊನದ ಅಳತೆ ಆಗಿದ್ದು, ಹೇಳಿದ ಮೊತ್ತ ಮೇಲಿನ ರೀತಿಯ ಲೆಕ್ಕಕ್ಕೆ ಹತ್ತಿರವಿದ್ದರೆ ಒಪ್ಪುವುದರಲ್ಲಿ ತಪ್ಪಿಲ್ಲ, ವರ್ಷಗಟ್ಟಲೆ ಅಲೆದಾಟ ಉಳಿಯುತ್ತದೆ. ಅಲ್ಲಿನ ಆದೇಶದ ಮೇಲೆ ಮಾತ್ರ ಮೇಲ್ಮನವಿ ಇಲ್ಲ. ನ್ಯಾಯಮಂಡಳಿಯ ತೀರ್ಪಾದರೆ 90 ದಿನದೊಳಗೆ ಹೈಕೋರ್ಟಿಗೆ ಹೋಗಬಹುದು, ತಕರಾರಿನ ಮೊತ್ತ ಒಂದು ಲಕ್ಷಕ್ಕಿಂತ ಕಡಿಮೆಯಿರಬಾರದು ಅಷ್ಟೆ. ಪ್ಲೇಟು ಇನ್ನೂ ಕಾಲಿನಲ್ಲಿದ್ದರೆ ಅದನ್ನು ತೆಗೆಸುವ ಖರ್ಚು ರಾಜಿ ಮೊತ್ತದಲ್ಲಿ ಸೇರಿದೆಯೇ, ಬಡ್ಡಿ ಸೇರಿಸಿ ಹೇಳಿದ ಮೊತ್ತವೇ ಅಥವಾ ಬಡ್ಡಿ ಬೇರೆಯೇ ಎಂದು ಸಹಿ ಮಾಡುವ ಮುಂಚೆ ಕೇಳಿ.